ಹದಿಮೂರನೆಯವಳ ಕುರ್ಚಿ

ಮೆಟ್ರಿ
8 ಜನವರಿ 2024

ಅಂಜಲಿ ಮಗಳೇ,

ಕೈಯಲ್ಲಿ ಫೋನ್ ಇಟ್ಟುಕೊಂಡು ಈ ಅತ್ತೆ ಕಾಗದ ಬರೆಯುತ್ತಾಳಲ್ಲ, ತಲೆ ಕೆಟ್ಟಿತೇ ಎಂದುಕೊಳ್ಳಬೇಡ. ನಮ್ಮ ಮನೆಗೂ ನಿಮ್ಮ ಮನೆಗೂ ನಡುವೆ ಇರುವುದು ಒಂದೇ ಗೋಡೆ. ನಾನು ಇಲ್ಲಿ ಕೆಮ್ಮಿದರೆ ನಿಮ್ಮವ್ವ ತಿಪ್ಪಕ್ಕ ಅಲ್ಲಿ ಕಷಾಯಕ್ಕೆ ನೀರಿಡುತ್ತಾಳೆ. ಕೇಸಿನ ವಿಷಯ ಫೋನಿನಲ್ಲಿ ಆಡಿದರೆ ನೇರ ನಿಮ್ಮಪ್ಪನ ಕಿವಿಗೇ ಆಡಿದಂತೆ. ಎರಡು ವರ್ಷದ ಮೇಲಾಯಿತು ನಾನೂ ನಿಮ್ಮಪ್ಪ ಕೆಂಚಣ್ಣನೂ ಮಾತು ಬಿಟ್ಟು. ಗೋಡೆಯ ಮೂಲಕ ಮಾತಾಡುವುದು ನನಗೆ ಬೇಕಿಲ್ಲ.

ಧಾರವಾಡದ ಹೈಕೋರ್ಟಿನಲ್ಲಿ ನನ್ನ ಹೆಸರಲ್ಲಿ ರಿಟ್ ಅರ್ಜಿ ಹಾಕಿ ಬರುವ ಮಾರ್ಚಿಗೆ ಎರಡು ವರ್ಷ. ನೀನು ವಕೀಲಳಾಗಿ ಬಸವಕುಮಾರ್ ಸಾಹೇಬರ ಆಫೀಸು ಸೇರಿದ ಮೇಲೆ ಹಿಡಿದ ಮೊದಲ ಕೇಸು ನನ್ನದು. ಅದಕ್ಕೇ ಕೇಳುತ್ತೇನೆ, ಎಲ್ಲಿಗೆ ಬಂತು? ಸಾಹೇಬರು ಮರೆತಿದ್ದರೆ ಇದನ್ನು ಓದಿ ಹೇಳು. ಸಂಡೂರು ರಸ್ತೆಯ ಅದಿರು ಯಾರ್ಡಿನಲ್ಲಿ ಕುಡಿಯುವ ನೀರು ಕೊಡಿ, ಹೆಣ್ಣುಮಕ್ಕಳಿಗೊಂದು ಶೌಚಾಲಯ ಕಟ್ಟಿಸಿ ಎಂದು ಹದಿಮೂರು ಜನ ನಾಲ್ಕು ದಿನ ಗೇಟಿಗೆ ಕೂತೆವು. ಅರ್ಜಿ ಬರೆದ ಕೈ ನನ್ನದು, ಮುಂದೆ ನಿಂತ ಮುಖಂಡ ನಿಮ್ಮಪ್ಪ. 2021ರ ಜೂನ್ 25ಕ್ಕೆ ಹದಿಮೂರೂ ಜನರನ್ನು ಕಂಪನಿ ತೆಗೆದು ಹಾಕಿತು. ಸೆಪ್ಟೆಂಬರಿನಲ್ಲಿ ಹೊಸಪೇಟೆಯ ಕಾರ್ಮಿಕ ಅಧಿಕಾರಿಯ ಮುಂದೆ ಒಪ್ಪಂದವಾಗಿ ಹನ್ನೆರಡು ಜನ ವಾಪಸು ಹೋದರು. ಹದಿಮೂರನೆಯವಳ ಹೆಸರು ಆ ಒಪ್ಪಂದದಲ್ಲಿ ಹುಡುಕಿದರೂ ಇಲ್ಲ. ಈಗ ಕಂಪನಿಯವರು ವ್ಯಾಜ್ಯ ರಾಜಿಯಾಗಿ ಮುಗಿದಿದೆ ಎನ್ನುತ್ತಾರೆ. ಯಾರಿಗೆ ಮುಗಿಯಿತು?

ಬೆಳಗಿನ ಐದೂವರೆಗೆ ಶಿಫ್ಟ್ ಬಸ್ಸು ಓಣಿಯ ಬಾಯಿಗೆ ಬಂದು ಹಾರ್ನ್ ಹಾಕುತ್ತದೆ. ಕೈ ತಾನಾಗಿ ಟಿಫಿನ್ ಡಬ್ಬಿ ಹುಡುಕುತ್ತದೆ. ನಿಮ್ಮಪ್ಪ ಹತ್ತಿ ಬಸ್ಸು ಹೊರಟ ಮೇಲೆಯೇ ನಾನು ಬಾಗಿಲು ತೆಗೆಯುವುದು. ಆಮೇಲೆ ಭತ್ತದ ನಾಟಿಗೆ ಹೋಗುತ್ತೇನೆ. ಕೆಸರಿಗೆ ಇಳಿಯಲು ನನಗೆ ನಾಚಿಕೆಯಿಲ್ಲ. ಆದರೆ ನಮ್ಮವ್ವ ಸಂಡೂರು ಗುಡ್ಡದಲ್ಲಿ ಬುಟ್ಟಿಗಟ್ಟಲೆ ಅದಿರು ತಲೆ ಮೇಲೆ ಹೊತ್ತವಳು. ಅದೇ ಅದಿರನ್ನು ನಾನು ಲಾರಿ ತೂಗುವ ವೇಬ್ರಿಜ್‌ನಲ್ಲಿ ಕುರ್ಚಿ ಮೇಲೆ ಕೂತು ಹನ್ನೊಂದು ವರ್ಷ ತೂಗಿದೆ. ನನಗೆ ಆ ಕುರ್ಚಿ ಬೇಕು. ಬೇರೆ ಏನೂ ಬೇಡ.

ನಿನ್ನ ಅತ್ತೆ
ಕರೆಮ್ಮ


ಧಾರವಾಡ
22 ಜನವರಿ 2024

ಪ್ರೀತಿಯ ಅತ್ತೆ,

ನಿಮ್ಮ ಕಾಗದ ಆಫೀಸಿನ ವಿಳಾಸಕ್ಕೆ ಬಂತು. ಬಸವಕುಮಾರ್ ಸರ್ ಕೂಡ ಓದಿದರು. ಅಕ್ಷರ ನೋಡಿ, ಇವರು ಬರೆದ ಅರ್ಜಿಗೆ ಕಂಪನಿ ಹೆದರಿದ್ದು ಸರಿಯೇ ಇದೆ ಎಂದು ನಕ್ಕರು.

ಕೇಸು ದೊಡ್ಡ ಕೋರ್ಟಿನಲ್ಲಿದೆ, ಅಲ್ಲಿ ಸರತಿ ದೊಡ್ಡದು. ಮುಂದಿನ ತಿಂಗಳು ವಿಚಾರಣೆಗೆ ಬರಬಹುದು. ನೀವು ಚಿಂತೆ ಮಾಡಬೇಡಿ. ಎಲ್ಲ ಸರಿಯಾಗಿಯೇ ನಡೆಯುತ್ತಿದೆ.

ಒಪ್ಪಂದದ ನಕಲು ನನ್ನ ಮೇಜಿನ ಮೇಲೆಯೇ ಇದೆ. ಕೊನೆಯ ಪುಟದಲ್ಲಿ ಅಪ್ಪನ ಹೆಬ್ಬೆಟ್ಟು, ನೇರಳೆ ಬಣ್ಣದ್ದು. ಅಪ್ಪನಿಗೆ ಸಹಿ ಬರುತ್ತದೆ. ನಾನು ಏಳನೇ ಕ್ಲಾಸಿನಲ್ಲಿದ್ದಾಗ ಸ್ಲೇಟು ಹಿಡಿದು ಕಲಿಸಿದ್ದೆ. ಬ್ಯಾಂಕಿಗೆ, ರೇಷನ್ನಿಗೆ ಸಹಿ ಮಾಡುತ್ತಾರೆ. ದೊಡ್ಡ ಕಾಗದ ಬಂದರೆ ಮಾತ್ರ ಹೆಬ್ಬೆಟ್ಟೇ ಆಗಬೇಕು. "ಸಹಿ ಯಾರ್ ಬೇಕಾದ್ರೂ ಗೀಚ್ತಾರ, ಬೆಟ್ಟು ಮಾತ್ರ ನಂದಽ" ಎನ್ನುತ್ತಿದ್ದರು. ಆ ಗುರುತು ಕಂಡಾಗಲೆಲ್ಲ ಪುಟ ಮಗುಚಿಡುತ್ತೇನೆ. ಅತ್ತೆಯನ್ನು ಬಿಟ್ಟು ಯಾಕೆ ಒತ್ತಿದಿರಿ ಎಂದು ಅಪ್ಪನನ್ನು ಎಷ್ಟೋ ಸಲ ಕೇಳಿದೆ. ಎದ್ದು ಹೊರಗೆ ಹೋಗುತ್ತಾರೆ. ಅದಕ್ಕೇ ನಾನು ಊರಿಗೆ ಬಂದರೂ ಎರಡನೇ ದಿನ ನಿಲ್ಲುವುದಿಲ್ಲ. ಗೋಡೆಯ ಮೇಲೆ ಬಾಬಾಸಾಹೇಬರ ಫೋಟೋ ಇದೆ, ಅದರ ಕೆಳಗೆ ಕೂತು ಅಪ್ಪ ತಲೆ ತಗ್ಗಿಸಿ ಉಣ್ಣುವುದನ್ನು ನೋಡಲಾಗದು.

ಈ ಕೇಸು ಗೆದ್ದರೆ ನಮ್ಮ ಮನೆಯ ತಪ್ಪು ತೊಳೆದಂತಾಗುತ್ತದೆ.

ಜೈಭೀಮ್.
ಅಂಜಲಿ


ಧಾರವಾಡ
2 ಮಾರ್ಚ್ 2024

ಅತ್ತೆ,

ಮೊನ್ನೆ ನಿಮ್ಮ ಕೇಸು ಬಂತು. ಐದು ನಿಮಿಷ ನಡೆಯಿತು. ನ್ಯಾಯಮೂರ್ತಿಗಳು ಒಂದೇ ಪ್ರಶ್ನೆ ಕೇಳಿದರು. ಕೆಲಸದಿಂದ ತೆಗೆದ ವ್ಯಾಜ್ಯಕ್ಕೆ ಕಾರ್ಮಿಕ ನ್ಯಾಯಾಲಯ ಇದೆಯಲ್ಲ, ಅಲ್ಲಿಗೆ ಹೋಗದೆ ಇಲ್ಲಿಗೆ ಯಾಕೆ ಬಂದಿರಿ? ಅಧಿಕಾರಿಯ ಮುಂದೆ ಆದ ಒಪ್ಪಂದ ತಪ್ಪೆಂದು ಹೇಳಬೇಕಾದರೂ ಮೊದಲು ಹೋಗಬೇಕಾದ ದಾರಿ ಅದೇ. ಆ ದಾರಿ ಇದ್ದೂ ಬಳಸದೆ ಬಂದವರ ಅರ್ಜಿಯನ್ನು ಹೈಕೋರ್ಟು ಸಾಮಾನ್ಯವಾಗಿ ಮುಟ್ಟುವುದಿಲ್ಲ.

ಇದನ್ನು ನಿಮಗೆ ಹೇಗೆ ಹೇಳಲಿ ಎಂದು ಯೋಚಿಸುವಾಗ ನೀವು ನನ್ನನ್ನು ಹಂಪಿಗೆ ಕರೆದುಕೊಂಡು ಹೋದದ್ದು ನೆನಪಾಯಿತು. ಹಂಪಿಯ ದೇವರಿಗೆ ಕಾಯಿ ಒಡೆಯುವ ಮೊದಲು ನಮ್ಮೂರ ಅಗಸೆಬಾಗಿಲಲ್ಲಿರುವ ಪಾದಗಟ್ಟೆಯ ದೇವರಿಗೆ ಒಂದು ಒಡೆಯಲೇಬೇಕು ಎಂದು ಬಸ್ಸು ತಪ್ಪಿದರೂ ಬಿಡಲಿಲ್ಲ ನೀವು. ನಮ್ಮ ಮನೆಯಲ್ಲಿ ಬುದ್ಧನ ಫೋಟೋ ಬಂದ ಮೇಲೂ ನನ್ನ ಕೈಯಲ್ಲಿ ಆ ಕಾಯಿ ಒಡೆಸಿದಿರಿ. ಊರ ಬಾಗಿಲಲ್ಲಿ ಕೂತವನನ್ನು ದಾಟಿ ಹೋದವರ ಮಾತು ಗುಡಿಯಲ್ಲಿ ಕೂತವನು ಕೇಳುವುದಿಲ್ಲ ಅಂದಿದ್ದಿರಿ. ಹೈಕೋರ್ಟಿನದೂ ಅದೇ ನೇಮ.

ಅರ್ಜಿಯನ್ನು ವಾಪಸು ಪಡೆದು ಹುಬ್ಬಳ್ಳಿಯ ಕಾರ್ಮಿಕ ನ್ಯಾಯಾಲಯಕ್ಕೆ ಹೋಗೋಣ ಎನ್ನುತ್ತಾರೆ ಸರ್. ಹೊಸಪೇಟೆಯ ಕಾರ್ಮಿಕ ಅಧಿಕಾರಿಯ ಮುಂದೆ ನಿಮ್ಮ ದೂರು ಆಗಲೇ ಇದ್ದದ್ದರಿಂದ ನೇರವಾಗಿ ಹೋಗಬಹುದು. ಆದರೆ ಕೆಲಸದಿಂದ ತೆಗೆದ ದಿನದಿಂದ ಮೂರು ವರ್ಷದೊಳಗೆ ಹೋಗಬೇಕು. ಅಂದರೆ ಇದೇ ಜೂನ್ 24 ಕೊನೆ. ಜೊತೆಗಿರುವ ಕಾಗದಕ್ಕೆ ಸಹಿ ಮಾಡಿ ಬೇಗ ಕಳಿಸಿ.

ಅಂಜಲಿ


ಮೆಟ್ರಿ
11 ಮಾರ್ಚ್ 2024

ಅಂಜಲಿ,

ಸಹಿ ಮಾಡುವುದಿಲ್ಲ. ಕಾಗದ ಮಡಚಿ ಇದರಲ್ಲೇ ಇಟ್ಟಿದ್ದೇನೆ, ತೆಗೆದುಕೋ.

ಪಾದಗಟ್ಟೆಯ ಪಾಠ ನನಗೇ ಹೇಳುತ್ತೀಯಾ? ಕಾಯಿ ಒಡೆಯುವುದು ಕಲಿಸಿದವಳಿಗೆ ಚಿಪ್ಪು ತೋರಿಸಿದಂತಾಯಿತು. ಎರಡು ವರ್ಷ ಹಿಂದೆ ಇದು ನಿಮ್ಮ ಯಾರಿಗೂ ಹೊಳೆಯಲಿಲ್ಲವೇ? ಕರೆಮ್ಮ ಹೈಕೋರ್ಟಿಗೆ ಹೋಗಿದ್ದಾಳೆ ಎಂದು ಈ ಊರಲ್ಲಿ ಬಾಯಿ ಮುಚ್ಚಿಕೊಂಡವರು ಎಷ್ಟೋ ಜನ. ಈಗ ಹುಬ್ಬಳ್ಳಿಗೆ ಇಳಿದಳು ಅಂದರೆ ಆನೆ ಮೇಲೆ ಹೋದವಳು ಕತ್ತೆ ಮೇಲೆ ಬಂದಳು ಎನ್ನುತ್ತಾರೆ. ನನ್ನ ಗಂಡನಿಗೂ ಹೇಳಿದೆ. ಮುದುಕಪ್ಪನದು ಗೊತ್ತಲ್ಲ, ಕಾಲುವೆಗೆ ನೀರು ಬಂತಾ ಎಂಬುದೊಂದೇ ಅವನ ವಿಚಾರ. ನಿನ್ನಿಷ್ಟ ಎಂದು ಸಲಿಕೆ ತೆಗೆದುಕೊಂಡು ಹೋದ.

ಇರಲಿ, ಕೇಳುತ್ತೇನೆ ಅಷ್ಟೇ. ಹೈಕೋರ್ಟಿನಲ್ಲಿ ನನ್ನನ್ನು ಯಾರೂ ಕರೆಯಲೇ ಇಲ್ಲ. ಕಾಗದ ಕಾಗದದ ಜೊತೆ ಮಾತಾಡುತ್ತದೆ, ನೀವು ಓದುತ್ತೀರಿ, ಅವರು ಕೇಳುತ್ತಾರೆ. ಹುಬ್ಬಳ್ಳಿಯಲ್ಲಿಯೂ ಹಾಗೆಯೇ? ಅಥವಾ ಕಟಕಟೆ ಹತ್ತಿಸಿ ಪ್ರಮಾಣ ಮಾಡಿಸುತ್ತಾರಾ? ಕಂಪನಿಯ ವಕೀಲ ಏನು ಬೇಕಾದರೂ ಕೇಳಬಹುದಾ? ನಿಮ್ಮಪ್ಪನನ್ನೂ ಕರೆಸುತ್ತಾರಾ?

ಬೇಸಿಗೆ ಈಗಲೇ ಸುಡುತ್ತಿದೆ. ಎರಡು ದಿನದಿಂದ ಮೈಯಲ್ಲಿ ಹುಷಾರಿಲ್ಲ. ಒಳಗೆ ಬಂದರೆ ಹೊರಗೆ ಹೋಗಬೇಕು ಅನಿಸುತ್ತದೆ, ಹೊರಗೆ ಹೋದರೆ ಒಳಗೆ.

ಕರೆಮ್ಮ


ಧಾರವಾಡ
23 ಮಾರ್ಚ್ 2024

ಅತ್ತೆ,

ನೀವು ಕೇಳಿದ್ದಕ್ಕೆಲ್ಲ ಉತ್ತರ ಹೌದು. ಅಲ್ಲಿ ಸಾಕ್ಷಿ ನುಡಿಯಬೇಕು, ಪ್ರಮಾಣ ಮಾಡಬೇಕು, ಪಾಟೀ ಸವಾಲು ಎದುರಿಸಬೇಕು. ಒಪ್ಪಂದಕ್ಕೆ ಬೆಟ್ಟು ಒತ್ತಿದವರು ಅಪ್ಪ, ಆದ್ದರಿಂದ ಅವರನ್ನೂ ಕರೆಸುತ್ತಾರೆ. ಕರೆಸಲಿ. ನನಗೇನೂ ಅಂಜಿಕೆಯಿಲ್ಲ.

ನಿಮ್ಮ ಭಯ ನನಗೆ ಅರ್ಥವಾಗುತ್ತದೆ. ಕೋರ್ಟು ನೋಡದವರಿಗೆ ಕಟಕಟೆ ಎಂದರೆ ನಡುಕ ಸಹಜ. ಬನ್ನಿ, ಎರಡು ದಿನ ಮೊದಲೇ ಕೂರಿಸಿಕೊಂಡು ಹೇಗೆ ಉತ್ತರ ಹೇಳಬೇಕೆಂದು ತಿಳಿಸುತ್ತೇನೆ. ಗೇಟಿಗೆ ಅಡ್ಡ ಕೂತು ಲಾರಿ ನಿಲ್ಲಿಸಿದವರು ನೀವು, ಒಬ್ಬ ವಕೀಲನಿಗೆ ಹೆದರುವಿರಾ?

ಕಾಗದ ಮತ್ತೆ ಕಳಿಸಿದ್ದೇನೆ.

ಅಂಜಲಿ


ಧಾರವಾಡ
30 ಏಪ್ರಿಲ್ 2024

ಅತ್ತೆ,

ನಿಮ್ಮ ಉತ್ತರವಿಲ್ಲದೆ ಒಂದು ತಿಂಗಳ ಮೇಲಾಯಿತು. ಎರಡು ಸಲ ಫೋನ್ ಮಾಡಿದೆ, ಕತ್ತರಿಸಿದಿರಿ. ಕೋರ್ಟಿಗೆ ಬೇಸಿಗೆ ರಜೆ, ಆದರೆ ತಾರೀಖಿಗೆ ರಜೆಯಿಲ್ಲ. ಐವತ್ತೈದು ದಿನ ಉಳಿದಿವೆ.

ಸಿಟ್ಟಿನಲ್ಲಿ ನೀವು ಒಂದು ಮಾತು ಬರೆದಿರಿ, ಎರಡು ವರ್ಷ ಹಿಂದೆ ಇದು ಯಾರಿಗೂ ಹೊಳೆಯಲಿಲ್ಲವೇ ಎಂದು. ಹೊಳೆದಿತ್ತು. ಸರ್ ಮೊದಲ ದಿನವೇ ಹೇಳಿದ್ದರು, ಇದು ಲೇಬರ್ ಕೋರ್ಟಿನ ಕೇಸು, ರಿಟ್ ನಿಲ್ಲುವುದಿಲ್ಲ ಎಂದು. ಹಟ ಹಿಡಿದವಳು ನಾನು. ಒಪ್ಪಂದವೇ ಕಾನೂನಿಗೆ ವಿರುದ್ಧ, ಹೈಕೋರ್ಟು ಒಪ್ಪುತ್ತದೆ ಎಂದು ವಾದ ಹೂಡಿ ಅವರನ್ನು ಒಪ್ಪಿಸಿದೆ. ನಿಮ್ಮ ಮುಂದೆ ಇನ್ನೊಂದು ದಾರಿಯ ಹೆಸರನ್ನೇ ಎತ್ತಲಿಲ್ಲ. ಎಲ್ಲ ಸರಿಯಾಗಿ ನಡೆಯುತ್ತಿದೆ ಎಂದು ಜನವರಿಯಲ್ಲಿ ಬರೆದದ್ದು ಸುಳ್ಳು.

ಯಾಕೆ ಎಂದರೆ, ಹೈಕೋರ್ಟಿನಲ್ಲಿ ಕಟಕಟೆ ಇಲ್ಲ. ಲೇಬರ್ ಕೋರ್ಟಾದರೆ ಅಪ್ಪ ಹತ್ತಬೇಕು. ನೆರೆಮನೆಯ ಹೆಣ್ಣುಮಗಳನ್ನು ಬಿಟ್ಟುಕೊಟ್ಟು ನನ್ನ ಕೆಲಸ ಉಳಿಸಿಕೊಂಡೆ ಎಂದು ಅವರು ತುಂಬಿದ ಕೋರ್ಟಿನಲ್ಲಿ ಹೇಳುವುದನ್ನು ನಾನು ಕೇಳಲಾರೆ ಅನಿಸಿತು. ಕರೆಸಲಿ, ಅಂಜಿಕೆಯಿಲ್ಲ ಎಂದು ಬರೆದೆನಲ್ಲ, ಅದೂ ಸುಳ್ಳು. ಅಪ್ಪನ ಮೇಲೆ ಸಿಟ್ಟು ಎಂದು ಊರೆಲ್ಲ ತೋರಿಸಿಕೊಂಡು ತಿರುಗುವ ನಾನು ಮಾಡಿದ್ದು ಅಪ್ಪನ ಮುಖ ಉಳಿಸುವ ಕೆಲಸ. ಅದಕ್ಕೆ ನಿಮ್ಮ ಎರಡು ವರ್ಷ ಸುಟ್ಟೆ.

ಬೈದಾದರೂ ಬರೆಯಿರಿ.

ಅಂಜಲಿ


ಮೆಟ್ರಿ
12 ಮೇ 2024

ಅಂಜಲಿ ಮಗಳೇ,

ಬೈಯಬೇಕೆಂದು ಮೂರು ಸಲ ಕೂತೆ. ಪ್ರತಿ ಸಲವೂ ಪೆನ್ನು ನನ್ನ ಕಡೆಗೇ ತಿರುಗಿತು.

ನನಗೆ ಕಟಕಟೆಯ ಭಯವಿಲ್ಲ, ಹುಚ್ಚಿ. ಪ್ರಮಾಣದ ಭಯ. ಹೈಕೋರ್ಟಾದರೆ ಕಾಗದವಷ್ಟೇ ಎಂದು ನೀನು ಹೇಳಿದ ದಿನ ನನಗೆ ಉಸಿರು ಬಂದಿತ್ತು. ನೀನು ನಿಮ್ಮಪ್ಪನನ್ನು ಮುಚ್ಚಿಟ್ಟೆ, ನಾನು ನನ್ನನ್ನೇ ಮುಚ್ಚಿಟ್ಟೆ.

ಒಪ್ಪಂದದ ದಿನ ನಾನೂ ಹೊಸಪೇಟೆಗೆ ಹೋಗಿದ್ದೆ. ಬೆಳಿಗ್ಗೆ ಮಾತುಕತೆಯಲ್ಲಿ ಕಂಪನಿಯವರು, ಅರ್ಜಿ ಬರೆದವಳೊಬ್ಬಳನ್ನು ಬಿಟ್ಟು ಉಳಿದವರನ್ನು ತೆಗೆದುಕೊಳ್ಳುತ್ತೇವೆ ಅಂದರಂತೆ. ನಮ್ಮವರು ಹೊರಗೆ ಬಂದು ನನ್ನ ಮುಖ ನೋಡಲಾರದೆ ನಿಂತರು. ನಾನು ಬಸ್ ಸ್ಟ್ಯಾಂಡಿನ ತನಕ ನಡೆದುಹೋಗಿ ವಾಪಸು ಬಂದೆ. ಮಧ್ಯಾಹ್ನ ಊಟದ ಹೊತ್ತಿಗೆ ನಿಮ್ಮಪ್ಪ ಕಚೇರಿ ಎದುರಿನ ಚಹಾ ಅಂಗಡಿಯಲ್ಲಿ ಒಬ್ಬರೇ ನಿಂತಿದ್ದರು. ಹತ್ತಿರ ಹೋಗಿ ಹೇಳಿದೆ: "ಅಣ್ಣಾ, ನನ್ನ ಬಿಟ್ಟು ಒಪ್ಪಂದ ಮಾಡ್ಕೊಳ್ರಿ. ಹನ್ನೆರಡು ಮನಿ ಒಲಿ ಉರೀಲಿ."

ಅವರು ಹೆಗಲ ಮೇಲಿನ ವಸ್ತ್ರಕ್ಕೆ ಹೆಬ್ಬೆರಳು ತಿಕ್ಕುತ್ತಾ ನಿಂತರು. ಚಹಾ ಆರಿ ಕೆನೆ ಕಟ್ಟಿತು. ಮೂರು ಗಂಟೆಗೆ ಒಪ್ಪಂದದ ನಕಲು ಹಿಡಿದು ಕಚೇರಿಯಿಂದ ಹೊರಗೆ ಬಂದರು.

ಆ ಹೊತ್ತಿಗೆ ನಾನು ದೊಡ್ಡ ತ್ಯಾಗ ಮಾಡಿದವಳಂತೆ ತಲೆ ಎತ್ತಿ ಬಸ್ಸು ಹತ್ತಿದೆ. ಎಂಟು ದಿನಕ್ಕೆ ಶಿಫ್ಟ್ ಬಸ್ಸಿನ ಹಾರ್ನ್ ಕೇಳಿತು. ಹನ್ನೆರಡು ಜನ ಹತ್ತಿದರು, ನನ್ನ ತ್ಯಾಗವೆಲ್ಲ ಹೊಗೆಯಾಯಿತು. ಕುರ್ಚಿ ಬೇಕು ಅನಿಸಿತು. ಅಷ್ಟರಲ್ಲಿ ಊರು ಕೆಂಚಣ್ಣ ಮಾರಿಕೊಂಡ ಎಂದು ಮಾತಾಡತೊಡಗಿತ್ತು. ನಾನೇ ಹೇಳಿದ್ದೆ ಎಂದು ಬಾಯಿ ಬಿಟ್ಟರೆ ನನ್ನ ಕೇಸು ಉಳಿಯುವುದಿಲ್ಲ ಎಂದು ಸುಮ್ಮನಾದೆ. ಕೈಯಾರೆ ಕೊಟ್ಟದ್ದನ್ನು ತಿರುಗಿ ಕೇಳಿದರೆ ಯಾರು ಕೊಡುತ್ತಾರೆ? ಅವರು ಬೈಗುಳ ತಿಂದರು, ನಾನು ನೋಡುತ್ತಾ ಕೂತೆ. ಮಾತು ಬಿಟ್ಟದ್ದೂ ಸಿಟ್ಟಿಗಲ್ಲ. ಮುಖ ತೋರಿಸಲಾರದೆ.

ಈಗ ಹೇಳು ವಕೀಲಮ್ಮ, ನನ್ನ ಕೇಸು ಉಳಿಯಿತೇ?

ಕರೆಮ್ಮ


ಧಾರವಾಡ
7 ಜೂನ್ 2024

ಅತ್ತೆ,

ರಜೆ ಮುಗಿಯಿತು, ನಿನ್ನೆ ರಿಟ್ ವಜಾ ಆಯಿತು. ಆದೇಶ ಎರಡೇ ಪುಟ. ಬೇರೆ ಪರಿಹಾರದ ದಾರಿ ಇರುವುದರಿಂದ ಇಲ್ಲಿ ವಿಚಾರಿಸುವುದಿಲ್ಲ, ಅರ್ಜಿದಾರರು ಕಾರ್ಮಿಕ ನ್ಯಾಯಾಲಯಕ್ಕೆ ಹೋಗಲು ಸ್ವತಂತ್ರರು ಎಂದಿದೆ. ಸೋತಿದ್ದೇವೆ, ಬಾಗಿಲು ಮಾತ್ರ ಮುಚ್ಚಿಲ್ಲ. ಹದಿನೇಳು ದಿನ ಇವೆ. 22 ನಾಲ್ಕನೇ ಶನಿವಾರ, 23 ಭಾನುವಾರ. ಕೊನೆಯ ದಿನ ಸೋಮವಾರಕ್ಕೆ ಬಿಡುವ ಧೈರ್ಯವಿಲ್ಲ, 21ರ ಶುಕ್ರವಾರ ಸಲ್ಲಿಸಲೇಬೇಕು.

ನಿಮ್ಮ ಪ್ರಶ್ನೆಗೆ ಉತ್ತರ. ಚಹಾ ಅಂಗಡಿಯ ಮಾತು ಕಾಗದದಲ್ಲಿಲ್ಲ, ಒಪ್ಪಂದದಲ್ಲಿ ನಿಮ್ಮ ಸಹಿಯೂ ಇಲ್ಲ. ಆ ಮಾತಿನಿಂದ ಕೇಸು ಸಾಯುವುದಿಲ್ಲ, ಕಷ್ಟವಾಗುತ್ತದೆ. ಆದರೆ ಕೇಳಿದರೆ ಇದ್ದದ್ದನ್ನು ಹೇಳಲೇಬೇಕು. ಸುಳ್ಳು ಹೇಳಿ ಎಂದು ನಾನು ಹೇಳುವುದಿಲ್ಲ.

ನಿಮ್ಮ ಕಾಗದವನ್ನು ಹತ್ತು ಸಲ ಓದಿದೆ. ಅಪ್ಪನ ಮೇಲೆ ಇಷ್ಟು ದಿನ ಹಲ್ಲು ಕಡಿದದ್ದಕ್ಕೆ ಮೊದಲು ಅಳು ಬಂತು. ಹತ್ತನೇ ಸಲ ಓದುವಾಗ ಒಂದು ಕಡೆ ನಿಂತುಬಿಟ್ಟೆ. ವಸ್ತ್ರಕ್ಕೆ ಹೆಬ್ಬೆರಳು ತಿಕ್ಕುತ್ತಾ ನಿಂತಿದ್ದರು ಎಂದು ಬರೆದಿದ್ದೀರಿ. ಊಟದ ಹೊತ್ತಿಗೆ ಹೆಬ್ಬೆರಳಿಗೆ ಏನಾಗಿತ್ತು? ಆ ವಸ್ತ್ರದ ಮೇಲೆ ಬಣ್ಣವಿತ್ತೇ?

ಅಪ್ಪನನ್ನೇ ಕೇಳಿ. ನಾನು ಕೇಳಲಾರೆ. ಕೇಸನ್ನು ಸರ್ ನಡೆಸುತ್ತಾರೆ. ಅಪ್ಪ ಸಾಕ್ಷಿ ಹೇಳುವ ದಿನ ನಾನು ಕೋರ್ಟಿಗೆ ಬರುವುದಿಲ್ಲ. ಇಷ್ಟು ಮಟ್ಟಿಗೆ ನನ್ನನ್ನು ಬಿಟ್ಟುಬಿಡಿ.

ಅಂಜಲಿ


ಮೆಟ್ರಿ
15 ಜೂನ್ 2024

ಅಂಜಲಿ ಮಗಳೇ,

ನಿನ್ನ ಕಾಗದ ಬಂದು ನಾಲ್ಕು ದಿನ ಅದನ್ನು ಸೆರಗಿನಲ್ಲಿ ಕಟ್ಟಿಕೊಂಡು ತಿರುಗಿದೆ. ನಿನ್ನೆ ಸಂಜೆ ಶಿಫ್ಟ್ ಬಸ್ಸು ಬರುವುದನ್ನೇ ಕಾದು ನಿಮ್ಮ ಮನೆಯ ಹೊಸ್ತಿಲು ದಾಟಿದೆ. ನಿಮ್ಮವ್ವ ನನ್ನನ್ನು ನೋಡಿ ಕೈಯಲ್ಲಿದ್ದ ರೊಟ್ಟಿ ಹಿಟ್ಟನ್ನು ಹಾಗೇ ಹಿಡಿದು ನಿಂತಳು. ಆಮೇಲೆ ಏನೂ ಆಗಿಲ್ಲವೆಂಬಂತೆ "ಕುಂದ್ರು ಕರೆಮ್ಮ" ಅಂದಳು.

ನಿಮ್ಮಪ್ಪ ಕೈಕಾಲು ತೊಳೆದು ಬಂದರು. ಸುತ್ತು ಬಳಸಿ ಮಾತಾಡಲು ನನಗೆ ಬರುವುದಿಲ್ಲ. ನಾನು ಚಹಾ ಅಂಗಡಿಗೆ ಬರುವ ಮೊದಲೇ ಬೆಟ್ಟು ಒತ್ತಿದ್ದಿರಾ ಎಂದು ಕೇಳಿದೆ.

ಕೈ ಒರೆಸಿಕೊಳ್ಳುತ್ತಾ ನನ್ನ ಎದುರಿಗೆ ಕೂತರು. ಆಮೇಲೆ ಅಂದರು: "ಹನ್ನೊಂದಕ್ಕಽ ಒತ್ತಿದ್ದೆನವ್ವ. ಹೊರಗ ಬಂದು ನಿನಗ ಹೆಂಗ ಹೇಳ್ಲಿ ಅಂತ ಚಾ ಹಿಡ್ಕೊಂಡು ನಿಂತಿದ್ದೆ. ನೀನಽ ಬಂದು ನನ್ನ ಬಿಟ್ಟು ಮಾಡ್ಕೊಳ್ರಿ ಅಂದಿ. ನನ್ನ ಜೀವ ಹಗುರಾತು. ಹಂಗ ಹಗುರಾತಲ್ಲ, ಅದಽ ನನ್ನ ಇವತ್ತಿನ ತನಕ ತಿಂತೈತಿ."

ಮೂರು ಗಂಟೆಗೆ ಅವರು ಹೋದದ್ದು ನಕಲು ತರಲು ಅಷ್ಟೇ. ಊರು ಮಾರಿಕೊಂಡ ಎಂದಾಗ ಅವರು ಎದುರಾಡದಿದ್ದದ್ದು ನನ್ನ ಮಾನ ಕಾಯಲು ಎಂದು ನಾನು ತಿಳಿದಿದ್ದೆ. ಊರು ಹೇಳಿದ್ದು ನಿಜ ಎಂಬ ಕಾರಣಕ್ಕೆ ಅವರು ಸುಮ್ಮನಿದ್ದರು.

ನನಗೆ ಸಿಟ್ಟು ಬಂತು ಅಂಜಲಿ. ಅಲ್ಲೇ ಇದ್ದ ಚೊಂಬು ಎತ್ತಿ ಎಸೆಯಬೇಕು ಅನಿಸಿತು. ಮೂರು ವರ್ಷ ಕೈಯಾರೆ ಕೊಟ್ಟವಳು ಎಂದು ಕೊರಗಿದೆ, ಕೇಳಲು ಬಾಯಿಲ್ಲದವಳು ಎಂದು ಬಾಗಿಲ ಹಿಂದೆ ನಿಂತೆ. ಕೊಡಲು ನನ್ನ ಕೈಯಲ್ಲಿ ಆಗ ಏನೂ ಉಳಿದಿರಲೇ ಇಲ್ಲ. ಕುರ್ಚಿ ಎರಡು ಗಂಟೆ ಮೊದಲೇ ಹೋಗಿತ್ತು. ನಾನು ಕೊಟ್ಟದ್ದಲ್ಲ, ಕಿತ್ತುಕೊಂಡದ್ದು. ಹಾಗಾದರೆ ಕೇಳಲು ನನಗೆ ಯಾವ ನಾಚಿಕೆ? ಅತ್ತೆನೋ ನಕ್ಕೆನೋ ಗೊತ್ತಿಲ್ಲ. ತಿಪ್ಪಕ್ಕ ನೀರು ಕೊಟ್ಟಳು, ಕುಡಿದೆ.

ನಿಮ್ಮಪ್ಪ ಒಳಗೆ ಹೋಗಿ ಟ್ರಂಕಿನ ತಳದಿಂದ ಒಂದು ವಸ್ತ್ರ ತಂದು ನನ್ನ ಮುಂದೆ ಹಾಕಿದರು. ಅಂಚಿನಲ್ಲಿ ನೇರಳೆ ಕಲೆ. ಒಗೆದಿಲ್ಲ, ಮತ್ತೆ ಹೆಗಲಿಗೂ ಹಾಕಿಲ್ಲ. ಇದನ್ನು ವಕೀಲರಿಗೆ ಕೊಡು, ಕಟಕಟೆಯಲ್ಲಿ ನಾನೇ ಹೇಳುತ್ತೇನೆ ಎಂದರು. ಹಾಗೆ ಹೇಳಿದರೆ ಕಂಪನಿ ನಿಮ್ಮನ್ನೂ ಇಡುವುದಿಲ್ಲ ಅಂದೆ. ಇನ್ನೆರಡು ವರ್ಷದ ನೌಕರಿ, ಹೋದರೆ ಹೋಗಲಿ ಎಂದರು.

20ರಂದು ಹೊಸಪೇಟೆಯಿಂದ ಹುಬ್ಬಳ್ಳಿಗೆ ರೈಲು ಹತ್ತುತ್ತೇವೆ, ಇಬ್ಬರೂ. ಸಾಕ್ಷಿಯನ್ನು ಈಗಲೇ ಕರೆಯುವುದಿಲ್ಲ, ತಿಂಗಳುಗಟ್ಟಲೆ ಆಗುತ್ತದೆ ಎಂದರೂ ನಿಮ್ಮಪ್ಪ ಕೇಳಲಿಲ್ಲ. ತಡಮಾಡಿದರೆ ತನ್ನ ಧೈರ್ಯ ತಿರುಗಿಬಿಟ್ಟೀತು, ಈಗಲೇ ಬರೆಸಿಕೊಳ್ಳಲಿ ಎನ್ನುತ್ತಾರೆ. ಈ ಸಲ ಸಹಿಯನ್ನೇ ಮಾಡುತ್ತಾರಂತೆ. ಈ ಕಾಗದ ಬರೆಯುವಾಗ ಗೋಡೆಯಾಚೆ ಸ್ಲೇಟಿನ ಸದ್ದು ಕೇಳುತ್ತಿದೆ.

ನಾನು ಎದ್ದು ಹೊರಡುವಾಗ ಬಾಗಿಲ ತನಕ ಬಂದು ಒಂದೇ ಮಾತು ಕೇಳಿದರು. "ನಾ ಕಟಕಟಿ ಹತ್ತಿದ ದಿನ ಅಂಜಲಿ ಎದುರಿಗಿ ಇರ್ತಾಳೇನು?"

ಇರುತ್ತಾಳೆ ಅಂದಿದ್ದೇನೆ. ಇರು.

ಕರೆಮ್ಮ ಅತ್ತೆ